ನಾಮಪತ್ರ ತಿರಸ್ಕಾರವಾಯಿತೇ? ಮೊದಲು ಗಡಿಯಾರ ನೋಡಿ

ದೆಹಲಿ ವಿಶ್ವವಿದ್ಯಾಲಯದ ವಿದ್ಯಾರ್ಥಿ ಸಂಘಕ್ಕೆ 2017ರಲ್ಲಿ ಚುನಾವಣೆ. ಅಧ್ಯಕ್ಷ ಸ್ಥಾನಕ್ಕೆ ನಿಂತಿದ್ದ ಒಬ್ಬರ ಮೇಲೆ ಹಿಂದೆ ಶಿಸ್ತುಕ್ರಮ ಆಗಿತ್ತು ಎಂದು ನಾಮಪತ್ರ ತಿರಸ್ಕಾರವಾಯಿತು. ಅವರು ಹೈಕೋರ್ಟಿನಿಂದ ಮಧ್ಯಂತರ ಆದೇಶ ತಂದು ನಿಂತರು, ಗೆದ್ದರು. 2018ರ ಜುಲೈನಲ್ಲಿ ಅದೇ ಹೈಕೋರ್ಟ್ ಆಯ್ಕೆಯನ್ನು ರದ್ದು ಮಾಡಿತು. ಅಷ್ಟರಲ್ಲಿ ಅವಧಿಯೇ ಮುಗಿಯುತ್ತ ಬಂದಿತ್ತು. ಗೆದ್ದವರಿಗೂ ಸೋತವರಿಗೂ ಆ ತೀರ್ಪಿನಿಂದ ಸಿಕ್ಕಿದ್ದು ಅಷ್ಟಕ್ಕಷ್ಟೇ.

ಕರ್ನಾಟಕದ ಕಾಲೇಜುಗಳಲ್ಲಿ ನೇರ ಚುನಾವಣೆ ನಿಂತು ದಶಕಗಳೇ ಆದವು. ಆದರೆ ದೆಹಲಿ, ಹೈದರಾಬಾದಿಗೆ ಓದಲು ಹೋದ ನಮ್ಮ ಮಕ್ಕಳಿಗೆ, ಕಾಸರಗೋಡಿನ ಕನ್ನಡ ವಿದ್ಯಾರ್ಥಿಗಳಿಗೆ ನಾಮಪತ್ರ ತಿರಸ್ಕಾರವಾದರೆ ಏನು ಮಾಡಬೇಕು ಎಂಬುದು ಬೇಕಾದ ವಿಷಯ.

1. ನಿಯಮದ ಪ್ರತಿ ಕೈಯಲ್ಲಿರಲಿ. ಮೂಲ ಆಧಾರ ಲಿಂಗ್ಡೋ ಸಮಿತಿಯ ವರದಿ. ವಿದ್ಯಾರ್ಥಿ ಸಂಘದ ಚುನಾವಣೆ ಹೇಗೆ ನಡೆಯಬೇಕೆಂದು ಹೇಳುವ ವರದಿ ಇದು. ಸುಪ್ರೀಂ ಕೋರ್ಟ್ ಇದನ್ನು 2006ರ ಸೆಪ್ಟೆಂಬರಿನಲ್ಲಿ ಜಾರಿಗೆ ತಂದಿತು. ಪದವಿ ವಿದ್ಯಾರ್ಥಿಗೆ 17ರಿಂದ 22 ವರ್ಷ, ಸ್ನಾತಕೋತ್ತರಕ್ಕೆ 25ರೊಳಗೆ, ಸಂಶೋಧಕರಿಗೆ 28. ಸ್ಪರ್ಧಿಸುವ ವರ್ಷ ಒಂದೂ ಬ್ಯಾಕ್‌ಲಾಗ್ ಇರಬಾರದು. ಹಾಜರಾತಿ ಕನಿಷ್ಠ ಶೇ 75. ವಿಶ್ವವಿದ್ಯಾಲಯ ಅದಕ್ಕಿಂತ ಜಾಸ್ತಿ ಕೇಳಿದರೆ ಅಷ್ಟು. ಪದಾಧಿಕಾರಿ ಸ್ಥಾನಕ್ಕೆ ಒಂದೇ ಅವಕಾಶ. ದೂರಶಿಕ್ಷಣದವರಿಗೆ ಅವಕಾಶವಿಲ್ಲ. ನಿಮ್ಮ ವಿಶ್ವವಿದ್ಯಾಲಯಕ್ಕೆ ವಿನಾಯಿತಿ ಇದೆಯೇ ಎಂದೂ ನೋಡಿ. ದೆಹಲಿಯ ಜವಾಹರಲಾಲ್ ನೆಹರೂ ವಿಶ್ವವಿದ್ಯಾಲಯದಲ್ಲಿ (ಜೆಎನ್‌ಯು) ಸಂಶೋಧಕರ ವಯಸ್ಸಿನ ಮಿತಿಯನ್ನು ಕೋರ್ಟೇ 30ಕ್ಕೆ ಏರಿಸಿದೆ.

2. ಶಿಸ್ತುಕ್ರಮದ ಕಾಗದ ಹುಡುಕಿ. ಜಾಸ್ತಿ ಜಗಳ ಹುಟ್ಟುವುದು ಇಲ್ಲೇ. ವಯಸ್ಸು, ಹಾಜರಾತಿ ಲೆಕ್ಕದ ಮಾತು. ಆದರೆ ಪ್ರಾಂಶುಪಾಲರು ಕರೆದು ಗದರಿದ್ದು ಶಿಸ್ತುಕ್ರಮವೇ? ಬರೆಸಿಕೊಂಡ ಕ್ಷಮಾಪಣೆ ಪತ್ರ? ನೋಟಿಸ್ ಕೊಟ್ಟಿದ್ದರೇ, ನಿಮ್ಮ ಮಾತು ಕೇಳಿದ್ದರೇ, ಕೊನೆಗೆ ಆದೇಶ ಅಂತ ಒಂದು ಬಂತೇ? ಇವುಗಳ ಪ್ರತಿಯನ್ನು ನಾಮಪತ್ರ ಹಾಕುವ ಮೊದಲೇ ಕೇಳಿ ಪಡೆಯಿರಿ. ಇದ್ದದ್ದನ್ನು ಮುಚ್ಚಿಡಬೇಡಿ. ಎದುರಾಳಿ ಅದನ್ನು ಹುಡುಕಿಯೇ ಹುಡುಕುತ್ತಾನೆ.

3. ತಿರಸ್ಕಾರದ ಕಾರಣ ಬರಹದಲ್ಲಿ ಕೇಳಿ. ‘ನೀವು ಅರ್ಹರಲ್ಲ’ ಎಂದು ಬಾಯಿಮಾತಲ್ಲಿ ಹೇಳಿದರೆ ಒಪ್ಪಬೇಡಿ. ಯಾವ ನಿಯಮ, ಯಾವ ದಾಖಲೆ ಎಂಬುದು ಆದೇಶದಲ್ಲಿರಬೇಕು. ಅರ್ಜಿ ಕೊಟ್ಟು ಸ್ವೀಕೃತಿ ಪಡೆಯಿರಿ, ಸಮಯದ ಸಮೇತ. ನಾಮಪತ್ರದಿಂದ ಫಲಿತಾಂಶದವರೆಗೆ ಒಟ್ಟು 10 ದಿನಕ್ಕಿಂತ ಹೆಚ್ಚು ಹಿಡಿಯಬಾರದು ಎನ್ನುತ್ತದೆ ಲಿಂಗ್ಡೋ ವರದಿ. ಹಾಗಾಗಿ ನಾಳೆ ನೋಡೋಣ ಅಂದರೆ ಕೆಟ್ಟಿರಿ.

4. ಕುಂದುಕೊರತೆ ಸಮಿತಿಗೆ ಹೋಗಿ. ವಿದ್ಯಾರ್ಥಿ ಕ್ಷೇಮಪಾಲನಾ ಡೀನ್ ಇದರ ಅಧ್ಯಕ್ಷರು. ಜತೆಗೆ ಹಿರಿಯ ಅಧ್ಯಾಪಕರು, ಆಡಳಿತಾಧಿಕಾರಿ, ಇಬ್ಬರು ವಿದ್ಯಾರ್ಥಿಗಳು. ಫಲಿತಾಂಶದ ನಂತರ 3 ವಾರದವರೆಗೆ ದೂರು ಕೊಡಬಹುದು. ತೀರ್ಮಾನ ಒಪ್ಪಿಗೆಯಾಗದಿದ್ದರೆ ಸಂಸ್ಥೆಯ ಮುಖ್ಯಸ್ಥರಿಗೆ ಮೇಲ್ಮನವಿ. ಅದಕ್ಕೆ ಇರುವುದು 24 ಗಂಟೆ ಮಾತ್ರ! ಕರಡು ಮೊದಲೇ ಸಿದ್ಧವಿರಲಿ.

5. ಎದುರಾಳಿ ಅನರ್ಹ ಎನ್ನುವುದಾದರೆ ಸುಮ್ನೆ ಗಲಾಟೆ ಮಾಡಿ ಪ್ರಯೋಜನವಿಲ್ಲ. 2018ರಲ್ಲಿ ಗೆದ್ದ ದೆಹಲಿ ವಿವಿ ಸಂಘದ ಅಧ್ಯಕ್ಷರ ಪದವಿ ದಾಖಲೆ ನಕಲಿ ಎಂಬ ಆರೋಪ ಬಂತು. ಆರೋಪಕ್ಕೆ ಬಲ ಬಂದದ್ದು ತಮಿಳುನಾಡಿನ ತಿರುವಳ್ಳುವರ್ ವಿಶ್ವವಿದ್ಯಾಲಯ ಅದು ನಕಲಿ ಎಂದು ಪತ್ರ ಬರೆದಾಗ. ದಾಖಲೆ ಕೊಟ್ಟ ಸಂಸ್ಥೆಯನ್ನೇ ಬರಹದಲ್ಲಿ ಕೇಳಿ.

6. ಕೊನೆಗೆ ಹೈಕೋರ್ಟ್. ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ. ವಿಧಾನಸಭೆ ಚುನಾವಣೆಗಾದರೆ, ನಡುವೆ ಕೋರ್ಟ್ ಕೈಹಾಕದಂತೆ 329ನೇ ವಿಧಿ ಅಡ್ಡ ನಿಲ್ಲುತ್ತದೆ, ವಿದ್ಯಾರ್ಥಿ ಚುನಾವಣೆಗೆ ಆ ತಡೆ ಇಲ್ಲ. ಆದರೂ ನಡುವೆ ಚುನಾವಣೆ ನಿಲ್ಲಿಸಲು ನ್ಯಾಯಾಧೀಶರು ಹಿಂಜರಿಯುತ್ತಾರೆ. ‘ಚುನಾವಣೆಗೆ ತಡೆ ಕೊಡಿ’ ಎನ್ನುವುದಕ್ಕಿಂತ ‘ಅಂತಿಮ ತೀರ್ಪಿಗೆ ಒಳಪಟ್ಟು ಸ್ಪರ್ಧಿಸಲು ಬಿಡಿ’ ಎಂದು ಕೇಳುವುದು ಜಾಣತನ. 2019ರಲ್ಲಿ ಜೆಎನ್‌ಯು ವಿದ್ಯಾರ್ಥಿಗಳು ದೂರಿದಾಗ ದೆಹಲಿ ಹೈಕೋರ್ಟ್ ಮತದಾನವನ್ನು ತಡೆಯಲಿಲ್ಲ, ಫಲಿತಾಂಶದ ಘೋಷಣೆಯನ್ನಷ್ಟೇ ಕೆಲವು ದಿನ ತಡೆಹಿಡಿಯಿತು. ವಕೀಲರ ಬಳಿ ಹೋಗುವಾಗ ತಿರಸ್ಕಾರದ ಆದೇಶ, ಹಾಜರಾತಿ ಪತ್ರ, ಅಂಕಪಟ್ಟಿ, ನೀವು ಕೊಟ್ಟ ಅರ್ಜಿಗಳ ಸ್ವೀಕೃತಿ, ಇಷ್ಟನ್ನೂ ತಾರೀಖಿನ ಪ್ರಕಾರ ಜೋಡಿಸಿಕೊಂಡು ಹೋಗಿ.