ಆಕ್ಸಿಜನ್ ಸೆನ್ಸರ್ ಬಿಚ್ಚುವ ಮೊದಲು ನಾನು ನೋಡುವುದು

ಮೇಷ್ಟ್ರ ಕಾರು ದಾವಣಗೆರೆಯ ನನ್ನ ಗ್ಯಾರೇಜಿಗೆ ಬಂದಾಗ ಅದರ ಆಕ್ಸಿಜನ್ ಸೆನ್ಸರ್ ಆಗಲೇ ಎರಡು ಸಲ ಬದಲಾಗಿತ್ತು. ತೆಗೆದ ಎರಡನ್ನೂ ಅವರು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಡಿಕ್ಕಿಯಲ್ಲೇ ಇಟ್ಟುಕೊಂಡಿದ್ದರು.

"ನೋಡಪ್ಪಾ, ಲೀಟರಿಗೆ 17 ಕೊಡ್ತಿದ್ದ ಗಾಡಿ 11ಕ್ಕೆ ಇಳಿದಿದೆ. ಚೆಕ್ ಎಂಜಿನ್ ಲೈಟ್ ಆರಿಸಿ ಕಳಿಸ್ತಾರೆ, ಮೂರು ದಿನಕ್ಕೆ ಮತ್ತೆ ಹತ್ಕೊಳ್ತದೆ" ಅಂದರು.

ಸ್ಕ್ಯಾನರ್ ಹಾಕಿದೆ. ಪಿ 0171. ಮಿಶ್ರಣ ಲೀನ್ ಆಗಿದೆ, ಅಂದರೆ ಗಾಳಿ ಹೆಚ್ಚು ಪೆಟ್ರೋಲ್ ಕಡಿಮೆ, ಎಂದು ಇಸಿಯು, ಅಂದರೆ ಸೆನ್ಸರ್ ಮಾತು ಕೇಳಿ ಪೆಟ್ರೋಲ್ ಅಳೆದು ಬಿಡುವ ಎಂಜಿನ್ನಿನ ಕಂಪ್ಯೂಟರ್, ಹೇಳುತ್ತಿದೆ. ಈ ಕೋಡ್ ಕಂಡ ಕೂಡಲೇ ಸೆನ್ಸರ್‌ಗೆ ಪಾನಾ ಹಾಕುವುದು ನಮ್ಮ ಕಸುಬಿನಲ್ಲಿ ಬೇರೂರಿರುವ ಕೆಟ್ಟ ಅಭ್ಯಾಸ. ಸಾವಿರಾರು ರೂಪಾಯಿಯ ಸಾಮಾನು ಅದು, ಗಿರಾಕಿಯ ಕೈಯಿಂದ ಹೋಗುತ್ತದೆ. ಕೋಡ್ ಹೇಳುವುದು ಸೆನ್ಸರ್ ಕಂಡದ್ದನ್ನು. ಸೆನ್ಸರ್ ಕೆಟ್ಟಿದೆ ಎಂದು ಅದು ಹೇಳಿಲ್ಲ.

ಸೆನ್ಸರ್ ಏನನ್ನು ಕಾಣುತ್ತದೆ ಎನ್ನುವುದು ಗೊತ್ತಿದ್ದರೆ ಮುಂದಿನ ದಾರಿ ಸಲೀಸು. ಒಳಗಿರುವುದು ಜಿರ್ಕೋನಿಯಾ ಎಂಬ ಸೆರಾಮಿಕ್‌ನ ಪುಟ್ಟ ಬಟ್ಟಲು. ದರ್ಜಿ ಬೆರಳಿಗೆ ಹಾಕಿಕೊಳ್ಳುವ ಟೊಪ್ಪಿಗೆಯ ಆಕಾರ. ಒಳಮೈ ಹೊರಮೈ ಎರಡಕ್ಕೂ ಪ್ಲಾಟಿನಂ ಲೇಪ. ಹೊರಮೈಗೆ ಸೈಲೆನ್ಸರ್ ಪೈಪಿನ ಹೊಗೆ ತಾಗುತ್ತದೆ, ಒಳಗೆ ನಾವು ಉಸಿರಾಡುವ ಗಾಳಿ, ಸುಮಾರು 21 ಶೇಕಡಾ ಆಮ್ಲಜನಕ ಇರುವಂಥದ್ದು. ಬಟ್ಟಲು 350 ಡಿಗ್ರಿಯ ಹತ್ತಿರ ಕಾದ ಮೇಲೆ ಆಮ್ಲಜನಕದ ಅಯಾನುಗಳು ಅದರ ಮೂಲಕ ಹಾಯುತ್ತವೆ, ಎರಡು ಬದಿಯ ವ್ಯತ್ಯಾಸಕ್ಕೆ ತಕ್ಕ ವೋಲ್ಟೇಜ್ ಹುಟ್ಟುತ್ತದೆ. ಹುಡುಗರಿಗೆ ನಾನು ಓವರ್‌ಹೆಡ್ ಟ್ಯಾಂಕಿನ ಲೆಕ್ಕ ಹೇಳುತ್ತೇನೆ: ಎತ್ತರದ ಅಂತರ ಹೆಚ್ಚಿದಷ್ಟೂ ನಲ್ಲಿಯಲ್ಲಿ ಒತ್ತಡ ಜಾಸ್ತಿ. ಪೆಟ್ರೋಲ್ ಹೆಚ್ಚಾದರೆ ಹೊಗೆಯಲ್ಲಿ ಆಮ್ಲಜನಕ ಉಳಿಯುವುದಿಲ್ಲ, ಅಂತರ ದೊಡ್ಡದು, 0.8ರಿಂದ 0.9 ವೋಲ್ಟ್. ಗಾಳಿ ಹೆಚ್ಚಾದರೆ ಅಂತರ ಕುಗ್ಗಿ 0.1ರ ಹತ್ತಿರ. ಒಂದು ತೂಕ ಪೆಟ್ರೋಲಿಗೆ 14.7 ತೂಕ ಗಾಳಿ ಎನ್ನುವ ಸರಿಯಾದ ಹದದಲ್ಲಿ ಅದು 0.45 ದಾಟಿ ಆಚೀಚೆ ಜಿಗಿಯುತ್ತಿರುತ್ತದೆ. ಇಷ್ಟರಲ್ಲಿ ಪೆಟ್ರೋಲ್ ಎಲ್ಲೂ ಇಲ್ಲ, ಗಮನಿಸಿ. ಸೆನ್ಸರ್ ಅಳೆಯುವುದು ಆಮ್ಲಜನಕವನ್ನು ಮಾತ್ರ.

ಮೇಷ್ಟ್ರ ಕಾರಿನಲ್ಲಿ ಎಂಜಿನ್ ಕಡೆಯ ಸೆನ್ಸರ್ 0.1ಕ್ಕೆ ಅಂಟಿಕೊಂಡಿತ್ತು. ಲಾಂಗ್ ಟರ್ಮ್ ಫ್ಯೂಯಲ್ ಟ್ರಿಮ್ ಪ್ಲಸ್ 23 ಶೇಕಡಾ, ಅಂದರೆ ಇಸಿಯು ಲೆಕ್ಕಕ್ಕಿಂತ ಹೆಚ್ಚುಕಡಿಮೆ ಕಾಲು ಪಾಲು ಹೆಚ್ಚು ಪೆಟ್ರೋಲ್ ಸುರಿಯುತ್ತಿದೆ. ಸೊನ್ನೆಯ ಆಚೀಚೆ 10ರೊಳಗೆ ಇದ್ದಿದ್ದರೆ ನಾನು ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ.

ಸ್ಕ್ಯಾನರ್ ಒಂದನ್ನೇ ನಂಬದೆ ಮೀಟರನ್ನೂ ಹಾಕುತ್ತೇನೆ. ಡಿಜಿಟಲ್ ಮೀಟರೇ ಆಗಬೇಕು. ಹಳೆಯ ಮುಳ್ಳಿನ ಮೀಟರ್ ತಾನೇ ಕರೆಂಟ್ ಎಳೆದು ತಪ್ಪು ತೋರಿಸುತ್ತದೆ. ಎಂಜಿನ್ ಚೆನ್ನಾಗಿ ಬಿಸಿಯಾದ ಮೇಲೆ ಸೆನ್ಸರ್ ತಂತಿಗಳು ಕೂಡುವ ಕಪ್ಲರಿನ ಹಿಂಬದಿಯಿಂದ ತೆಳ್ಳನೆಯ ಪಿನ್ನು ತೂರಿಸಿ ಸಿಗ್ನಲ್ ತಂತಿಯನ್ನು ಮುಟ್ಟುತ್ತೇನೆ. ಇಂಥ ನಾಲ್ಕು ತಂತಿಯ ಸೆನ್ಸರ್‌ನಲ್ಲಿ ಸಾಮಾನ್ಯವಾಗಿ ಕಪ್ಪು ಸಿಗ್ನಲ್, ಬೂದು ಅರ್ಥ್, ಬಿಳಿಯ ಎರಡೂ ಬಟ್ಟಲನ್ನು ಕಾಯಿಸುವ ಹೀಟರಿನವು. ತಂತಿಯ ಮೈಗೆ ಪಿನ್ನು ಚುಚ್ಚುವುದಿಲ್ಲ. 2500 ಆರ್‌ಪಿಎಂಗೆ ರೇಸ್ ಹಿಡಿದಾಗ ವೋಲ್ಟೇಜ್ ಮೇಲೆ ಕೆಳಗೆ ಓಡಾಡಬೇಕು. ಓಡಾಡದಿದ್ದರೆ ನಾನೇ ಓಡಿಸಿ ನೋಡುತ್ತೇನೆ. ಏರ್ ಫಿಲ್ಟರಿನ ಬಾಯಿಗೆ ಕಾರ್ಬೊರೇಟರ್ ಕ್ಲೀನರ್ ಒಂದು ಚೂರು ಹೊಡೆದೆ, ಮೀಟರ್ ಕ್ಷಣದಲ್ಲಿ 0.86ಕ್ಕೆ ಹಾರಿತು. ಕ್ಲೀನರ್ ಉರಿದು ಮುಗಿದದ್ದೇ ಮತ್ತೆ 0.1. ಸೆನ್ಸರ್ ಜೀವಂತ, ಚುರುಕು ಕೂಡ. ಹಾಗಾದರೆ ಅದು ಕಾಣುತ್ತಿರುವ ಆಮ್ಲಜನಕ ಎಲ್ಲಿಂದ ಬಂತು?

ಸಂದಿನಿಂದ ಗಾಳಿ ಸೇರುತ್ತಿದೆಯೇ ಎಂದು ನೋಡಲು, ಎಂಜಿನ್ನಿಗೆ ಗಾಳಿ ಒಯ್ಯುವ ಇಂಟೇಕ್ ಮ್ಯಾನಿಫೋಲ್ಡಿನ ಸುತ್ತ, ವ್ಯಾಕ್ಯೂಮ್ ಪೈಪುಗಳ ಮೇಲೆ ಅದೇ ಸ್ಪ್ರೇ ಹಾಯಿಸಿದೆ, ಏನೂ ಬದಲಾಗಲಿಲ್ಲ. ಆಮೇಲೆ ಸ್ಪಾರ್ಕ್ ಪ್ಲಗ್ ಬಿಚ್ಚಿದೆ. ನಾಲ್ಕೂ ಕಪ್ಪು, ಒಣ ಮಸಿ, ಬೆರಳಿಗೆ ಕಾಡಿಗೆಯಂತೆ ಹತ್ತಿತು. ಲೀನ್ ಓಡುವ ಎಂಜಿನ್ನಿನ ಪ್ಲಗ್ ಹೀಗಿರಲು ಸಾಧ್ಯವೇ ಇಲ್ಲ. ಎಂಜಿನ್ ಪೆಟ್ರೋಲ್ ಕುಡಿದು ತೇಗುತ್ತಿದೆ, ಸೆನ್ಸರ್ ಮಾತ್ರ ಗಾಳಿ ಹೆಚ್ಚು ಎನ್ನುತ್ತಿದೆ. ಇವೆರಡೂ ಒಟ್ಟಿಗೆ ನಿಜವಾಗುವುದು ದಹನ ಮುಗಿದ ಮೇಲೆ, ಸೆನ್ಸರಿಗೆ ಮುಂಚೆ, ಹೊರಗಾಳಿ ಸೇರಿದಾಗ.

ರಾತ್ರಿ ಗಾಡಿ ಅಲ್ಲೇ ಬಿಡಿಸಿಕೊಂಡೆ. ಎಗ್ಸಾಸ್ಟ್ ಲೀಕನ್ನು ಹುಡುಕಬೇಕಾದದ್ದು ಎಂಜಿನ್ ತಣ್ಣಗಿರುವಾಗ. ಬಿಸಿಯಾದರೆ ಲೋಹ ಹಿಗ್ಗಿ ಸಂದು ಮುಚ್ಚಿಕೊಂಡುಬಿಡುತ್ತದೆ. ಬೆಳಿಗ್ಗೆ ಹುಡುಗನಿಗೆ ಒದ್ದೆ ಬಟ್ಟೆಯಿಂದ ಸೈಲೆನ್ಸರಿನ ಬಾಯಿ ಅದುಮಿ ಹಿಡಿಯಲು ಹೇಳಿ, ಸೆಲ್ಫ್ ಹೊಡೆದು, ಹೊಗೆ ಹೊರಬರುವ ಎಗ್ಸಾಸ್ಟ್ ಮ್ಯಾನಿಫೋಲ್ಡ್ ಎಂಜಿನ್ ಹೆಡ್ಡಿಗೆ ಕೂಡುವ ಕಡೆ ಸೋಪಿನ ನೀರು ಹಾಕಿದೆ. ಮೂರನೇ ಸಿಲಿಂಡರಿನ ಹತ್ತಿರ ಬುಸುಬುಸು ನೊರೆ ಎದ್ದಿತು. ಅದನ್ನು ಬಿಗಿಯುವ ಸ್ಟಡ್ ಬೋಲ್ಟ್ ಒಂದು ಸಡಿಲವಾಗಿ ಪ್ಯಾಕಿಂಗ್ ಸುಟ್ಟಿತ್ತು, ಅಂಚಿನಲ್ಲಿ ಮಸಿಯ ಗೆರೆ. ಹೊಗೆ ಹೊರಗೆ ಹೋಗುವ ಸಂದಿನಲ್ಲಿ ಗಾಳಿ ಒಳಗೆ ಹೇಗೆ ಬರುತ್ತದೆ ಎಂದು ಮೇಷ್ಟ್ರು ಕೇಳಿದರು. ಹೊಗೆ ಒಂದೇ ಸಮನೆ ಹರಿಯುವುದಿಲ್ಲ ಮೇಷ್ಟ್ರೇ, ಬಡಿತ ಬಡಿತವಾಗಿ ಬರುತ್ತದೆ, ಒಂದು ಬಡಿತ ಹೋದ ಹಿಂದೆಯೇ ಕ್ಷಣಮಾತ್ರ ಒತ್ತಡ ಇಳಿಯುತ್ತದೆ, ಆಗ ಹೊರಗಿನ ಗಾಳಿಯನ್ನು ಎಳೆದುಕೊಳ್ಳುತ್ತದೆ ಎಂದೆ. ಒಂದು ಸಿಲಿಂಡರ್ ಮಿಸ್ಸಿಂಗ್ ಆದಾಗಲೂ ಹೀಗೇ ಆಗುತ್ತದೆ: ಉರಿಯದೆ ಉಳಿದ ಆಮ್ಲಜನಕ ಸೆನ್ಸರಿಗೆ ಹೋಗಿ ಲೀನ್ ಅನ್ನಿಸುತ್ತದೆ.

ಹಾಗೆಂದು ಸೆನ್ಸರ್ ಕೆಡುವುದೇ ಇಲ್ಲ ಅಂತಲ್ಲ. ನಾನೇ ಒಂದನ್ನು ಕೆಡಿಸಿದ್ದೇನೆ. ಕಸುಬಿನ ಮೊದಲ ವರ್ಷಗಳಲ್ಲಿ ಇಲಿ ಕಡಿದ ಸೆನ್ಸರ್ ತಂತಿಯನ್ನು ಅಚ್ಚುಕಟ್ಟಾಗಿ ಬೆಸುಗೆ ಹಾಕಿ ಕೊಟ್ಟೆ. ವಾರದಲ್ಲಿ ಗಾಡಿ ವಾಪಸ್ ಬಂತು. ಬಟ್ಟಲಿನ ಒಳಗೆ ಬೇಕಾದ ಹೊರಗಾಳಿ ಬಹಳಷ್ಟು ಸೆನ್ಸರ್‌ಗಳಲ್ಲಿ ತಂತಿಯ ಎಳೆಗಳ ಸಂದಿನಿಂದಲೇ ಹೋಗುತ್ತದೆ, ಬೆಸುಗೆಯ ಸೀಸ ಆ ದಾರಿಯನ್ನು ಮುಚ್ಚುತ್ತದೆ ಎನ್ನುವುದು ಆಗ ನನಗೆ ಗೊತ್ತಿರಲಿಲ್ಲ. ಆ ಗಿರಾಕಿಗೆ ಹೊಸ ಸೆನ್ಸರ್ ನನ್ನ ಖರ್ಚಿನಲ್ಲೇ ಹಾಕಿದೆ. ಈಗ ತಂತಿ ಕೂಡಿಸುವುದಿದ್ದರೆ ಬೆಸುಗೆಯಿಲ್ಲದೆ ಒತ್ತಿ ಕ್ರಿಂಪ್ ಮಾಡುತ್ತೇನೆ, ಆ ಕಪ್ಲರಿಗೆ ಸ್ಪ್ರೇ ಅಥವಾ ಗ್ರೀಸ್ ತಾಗಿಸುವುದಿಲ್ಲ. ಎಂಜಿನ್ ಕೂಡಿಸುವಾಗ ಸಿಕ್ಕಿದ ಸಿಲಿಕೋನ್ ಪೇಸ್ಟ್ ಹಚ್ಚಿದರೂ ಅದರ ಆವಿಗೆ ಸೆನ್ಸರ್ ಸಾಯುತ್ತದೆ, ತುದಿಯಲ್ಲಿ ಬಿಳಿ ಪುಡಿ ಕೂರುತ್ತದೆ. ಸೆನ್ಸರಿಗೆ ಹಾನಿಯಿಲ್ಲ ಎಂದು ಡಬ್ಬಿಯ ಮೇಲೆ ಬರೆದಿರುವುದನ್ನೇ ಬಳಸಬೇಕು. ಹೀಟರ್ ಸುಡುವುದಂತೂ ಮಾಮೂಲಿ, ಪಿ 0135 ಬರುತ್ತದೆ. ಬಿಳಿ ತಂತಿಗಳ ನಡುವೆ ಕೆಲವು ಓಮ್ ತೋರಿಸಬೇಕು. ಓಪನ್, ಅಂದರೆ ಒಳಗೆ ಕಡಿದಿದೆ ಎಂದು ತೋರಿಸಿದರೆ ಬದಲಿಸಲೇಬೇಕು, ಅದಕ್ಕೂ ಮೊದಲು ಫ್ಯೂಸ್ ನೋಡಿ. ಐದು ತಂತಿಯ ವೈಡ್‌ಬ್ಯಾಂಡ್ ಸೆನ್ಸರಿಗೆ ಮೇಲಿನ ವೋಲ್ಟ್ ಲೆಕ್ಕ ಹಾಕಬೇಡಿ, ಅದರ ರೀತಿಯೇ ಬೇರೆ.

ಉಳಿದ ಸೆನ್ಸರ್‌ಗಳನ್ನೂ ಹೊರಗಿನ ಸತ್ಯದ ಜೊತೆ ತಾಳೆ ನೋಡುವುದೇ ನನ್ನ ಕ್ರಮ. ಕೀ ಆನ್ ಮಾಡಿ ಎಂಜಿನ್ ಚಾಲೂ ಮಾಡದೆ ಇಂಟೇಕ್ ಮ್ಯಾನಿಫೋಲ್ಡಿನ ಗಾಳಿಯ ಒತ್ತಡ ಅಳೆಯುವ ಮ್ಯಾಪ್ ಸೆನ್ಸರ್ ನೋಡಿದರೆ ಅದು ಊರಿನ ಗಾಳಿಯ ಒತ್ತಡವನ್ನೇ ತೋರಿಸಬೇಕು: ಮಂಗಳೂರಿನಲ್ಲಿ 101 ಕಿಲೊಪಾಸ್ಕಲ್ ಆಸುಪಾಸು, ನಮ್ಮ ದಾವಣಗೆರೆಯಲ್ಲಿ 94, ಬೆಂಗಳೂರಿನಲ್ಲಿ 91. ರಾತ್ರಿಯಿಡೀ ನಿಂತ ಗಾಡಿಯಲ್ಲಿ ಕೂಲಂಟ್ ಮತ್ತು ಒಳಬರುವ ಗಾಳಿಯ ಉಷ್ಣತೆ ಬೆಳಿಗ್ಗೆ ಹೆಚ್ಚುಕಡಿಮೆ ಒಂದೇ ಇರಬೇಕು. ಕೂಲಂಟ್ ಮೈನಸ್ 40 ತೋರಿಸಿದರೆ ತಂತಿ ಕಡಿದಿದೆ ಅಥವಾ ಕಪ್ಲರ್ ಬಿಟ್ಟಿದೆ.

ಹೊಸ ಸ್ಟಡ್, ಹೊಸ ಪ್ಯಾಕಿಂಗ್ ಹಾಕಿ, ಪ್ಲಗ್ ಬದಲಿಸಿ, ಮೇಷ್ಟ್ರನ್ನು ಪಕ್ಕದಲ್ಲಿ ಕೂರಿಸಿಕೊಂಡು ಹರಿಹರದವರೆಗೆ ಹೋಗಿ ಬಂದೆ. ಟ್ರಿಮ್ ಪ್ಲಸ್ 4ಕ್ಕೆ ಇಳಿದಿತ್ತು. ಬಂದ ಮೇಲೆ ಡಿಕ್ಕಿಯಲ್ಲಿದ್ದ ಹಳೆಯ ಸೆನ್ಸರ್ ಒಂದನ್ನು ವೈಸ್‌ಗೆ ಕಚ್ಚಿಸಿ, ಮೀಟರ್ ಜೋಡಿಸಿ, ಗ್ಯಾಸ್ ಟಾರ್ಚಿನ ಜ್ವಾಲೆಯನ್ನು ತುದಿಗೆ ಹಿಡಿದೆ. ತುದಿ ಮಂದವಾಗಿ ಕೆಂಪಾಯಿತು, ಮೀಟರ್ 0.3, 0.6, 0.82 ಎಂದು ಏರಿತು. ಜ್ವಾಲೆ ತೆಗೆದದ್ದೇ ಸರ್ರನೆ ಇಳಿಯಿತು. ಎರಡನೆಯದೂ ಹಾಗೇ. ಮೇಷ್ಟ್ರು ಟಾರ್ಚ್ ಇಸಕೊಂಡು ತಾವೇ ಒಮ್ಮೆ ಹಿಡಿದು ನೋಡಿದರು. ಒಂದನ್ನು ಮನೆಗೆ ಒಯ್ದರು, ಇನ್ನೊಂದನ್ನು ಹುಡುಗರಿಗೆ ತೋರಿಸಲು ನನ್ನ ಟೇಬಲ್ ಮೇಲೆ ಬಿಟ್ಟು ಹೋದರು.