ಹಲ್ಲು ಬಿಳಿ ಮಾಡ್ಸೋ ಮುಂಚೆ ಅದು ಯಾವ ಕಲೆ ಅಂತ ನೋಡ್ಕೊಳಿ

ನಮ್ ಕೋಲಾರ, ಚಿಕ್ಕಬಳ್ಳಾಪುರ ಕಡೆ ಎಷ್ಟೋ ಬೋರ್‌ವೆಲ್ ನೀರಲ್ಲಿ ಫ್ಲೋರೈಡ್ ಜಾಸ್ತಿ, ಚಿಕ್ಕೋರಿದ್ದಾಗ ಅದೇ ನೀರು ಕುಡಿದು ಬೆಳೆದೋರಿಗೆ ಹಲ್ಲಿನ ಎನಾಮಲ್ (ಮೇಲಿನ ಗಟ್ಟಿ ಪದರ) ಒಳಗೇ ಬಿಳಿ, ಕಂದು ಕಲೆ ಕೂತಿರುತ್ತೆ, ಬರೀ ಬ್ಲೀಚ್‌ಗೆ ಅದು ಪೂರ್ತಿ ಹೋಗೋದು ಕಷ್ಟ, ಎನಾಮಲ್ ಮೇಲ್ಪದರನ ಡೆಂಟಿಸ್ಟ್ ತೆಳುವಾಗಿ ಉಜ್ಜಿ ತೆಗೆಯೋ ಮೈಕ್ರೋಅಬ್ರೇಷನ್ ಥರದ್ದೂ ಬೇಕಾಗ್ಬೋದು. ಟೀ, ಎಲೆಅಡಿಕೆ ಕಲೆನಾ? ಮೊದ್ಲು ಕ್ಲೀನಿಂಗ್ ಮಾಡ್ಸಿ, ಕೆಲವ್ರಿಗೆ ಅಷ್ಟೇ ಸಾಕು. ಆಮೇಲೂ ಹಳದಿ ಅನ್ಸಿದ್ರೆ ಡೆಂಟಿಸ್ಟ್ ಹತ್ರ ಅಳತೆ ಕೊಟ್ಟು ಟ್ರೇ (ಹಲ್ಲಿನ ಮೇಲೆ ಕೂರೋ ತೆಳು ಪ್ಲಾಸ್ಟಿಕ್ ಕವಚ) ಮಾಡಿಸ್ಕೊಂಡು, ಅವ್ರು ಹೇಳ್ದಂಗೆ 10% ಕಾರ್ಬಮೈಡ್ ಪೆರಾಕ್ಸೈಡ್ ಅನ್ನೋ ಬ್ಲೀಚ್ ಜೆಲ್ ಅದರಲ್ಲಿ ಹಾಕಿ ರಾತ್ರಿ ಹಾಕೊಳಿ, ಸುಮಾರು 2 ವಾರಕ್ಕೆ ವ್ಯತ್ಯಾಸ ಕಾಣುತ್ತೆ. ಹಲ್ಲು ಜುಮ್ ಅನ್ನೋಕೆ ಶುರುವಾದ್ರೆ ದಿನ ಬಿಟ್ಟು ದಿನ ಹಾಕೊಳಿ. ನಿಂಬೆಹಣ್ಣು, ಇದ್ದಿಲು ಮಾತ್ರ ದಯವಿಟ್ಟು ಉಜ್ಜಬೇಡಿ, ಸವೆದ ಎನಾಮಲ್ ಮತ್ತೆ ಬೆಳೆಯಲ್ಲ. ಹುಳುಕಿದ್ರೆ ಮೊದ್ಲು ತೋರ್ಸಿ, ಗರ್ಭಿಣಿಯರಿಗೆ ಸದ್ಯಕ್ಕೆ ಬ್ಲೀಚ್ ಬೇಡ. ಇನ್ನೊಂದು, ಬ್ಲೀಚ್ ಮಾಡಿದ್ರೂ ಕ್ಯಾಪ್, ಫಿಲ್ಲಿಂಗ್ ಬಣ್ಣ ಇದ್ದಂಗೇ ಇರುತ್ತೆ.