ವರ್ಣಭೇದದ ವಿಚಾರಣೆಗೆ ನ್ಯಾಯಮೂರ್ತಿಯನ್ನು ಆರಿಸುವುದು ಹೇಗೆ?

1993ರ ಏಪ್ರಿಲ್ 22ರಂದು ಲಂಡನ್ನಿನ ಎಲ್ಥಮ್‌ನ ಬಸ್ ಸ್ಟಾಪಿನ ಬಳಿ, 18 ವರ್ಷದ ಕಪ್ಪು ಹುಡುಗ ಸ್ಟೀಫನ್ ಲಾರೆನ್ಸ್‌ನನ್ನು ಬಿಳಿಯ ಯುವಕರು ಇರಿದು ಕೊಂದರು. ಪೊಲೀಸ್ ತನಿಖೆ ಹಳ್ಳ ಹಿಡಿಯಿತು. ಅಪ್ಪ-ಅಮ್ಮ ವರ್ಷಗಟ್ಟಲೆ ಹೋರಾಡಿದ ಮೇಲೆ, 1997ರಲ್ಲಿ ಗೃಹ ಸಚಿವ ಜ್ಯಾಕ್ ಸ್ಟ್ರಾ ಸಾರ್ವಜನಿಕ ವಿಚಾರಣೆಗೆ, ಅಂದರೆ ಎಲ್ಲಿ ತಪ್ಪಾಯಿತು ಎಂದು ಎಲ್ಲರೆದುರು ಪರಿಶೀಲಿಸುವುದಕ್ಕೆ, ಒಪ್ಪಿದರು. ಇಂಥ ಕೆಲಸಕ್ಕೆ ನ್ಯಾಯಮೂರ್ತಿಯನ್ನು ಹೇಗೆ ಆರಿಸಬೇಕು?

ಮೊದಲು ನಂಟು ನೋಡಿ. ಬ್ರಿಟನ್ನಿನ 2005ರ ವಿಚಾರಣಾ ಕಾಯ್ದೆಯೂ ಇದನ್ನೇ ಕೇಳುತ್ತದೆ: ವಿಷಯದಲ್ಲಿ ನೇರ ಹಿತಾಸಕ್ತಿ ಇದೆಯೇ, ಯಾರದಾದರೂ ಕಡೆಯವರ ಜೊತೆ ಹತ್ತಿರದ ಒಡನಾಟ ಇದೆಯೇ? ಪಕ್ಷಪಾತ ನಡೆದದ್ದು ಸಾಬೀತಾಗಬೇಕಿಲ್ಲ, ನ್ಯಾಯವಾಗಿ ಯೋಚಿಸುವ, ವಿಷಯ ತಿಳಿದ ಮನುಷ್ಯನಿಗೆ ಅನುಮಾನ ಬರುವಂತಿದ್ದರೆ ಸಾಕು. ಚಿಲಿಯ ಮಾಜಿ ಸರ್ವಾಧಿಕಾರಿ ಪಿನೊಚೆ ಪ್ರಕರಣದಲ್ಲಿ, ತೀರ್ಪು ಕೊಟ್ಟವರಲ್ಲಿ ಒಬ್ಬರಾದ ಲಾರ್ಡ್ ಹಾಫ್‌ಮನ್‌ಗೆ ಅದೇ ಪ್ರಕರಣದಲ್ಲಿ ವಾದಿಸಿದ್ದ ಮಾನವ ಹಕ್ಕುಗಳ ಸಂಸ್ಥೆ ಆಮ್ನೆಸ್ಟಿ ಜೊತೆ ನಂಟಿದೆ ಎಂದು ತಿಳಿದಾಗ, ಆ ತೀರ್ಪನ್ನೇ ರದ್ದು ಮಾಡಬೇಕಾಯಿತು.

ಆಮೇಲೆ ಹಳೆಯ ತೀರ್ಪುಗಳು. ಹೆಚ್ಚು ಕಷ್ಟ ಇಲ್ಲೇ. ಲಾರೆನ್ಸ್ ವಿಚಾರಣೆಗೆ ನಿವೃತ್ತ ಹೈಕೋರ್ಟ್ ನ್ಯಾಯಮೂರ್ತಿ ಸರ್ ವಿಲಿಯಂ ಮ್ಯಾಕ್‌ಫರ್ಸನ್ ಬಂದರು. 1998ರ ಮಾರ್ಚ್‌ನಲ್ಲಿ ಇನ್ನೇನು ವಿಚಾರಣೆ ಶುರುವಾಗಬೇಕು ಅನ್ನುವಾಗ, ವಲಸಿಗರ ಪ್ರಕರಣಗಳಲ್ಲಿ ಅವರು ಬಿಗಿಯಾಗಿದ್ದರು ಎಂಬ ಪತ್ರಿಕಾ ವರದಿ ಬಂತು. ಕುಟುಂಬ ಅವರನ್ನು ಬದಲಿಸಿ ಎಂದಿತು. ಸಚಿವರು ಬಿಟ್ಟುಕೊಡಲಿಲ್ಲ, ಮಾತುಕತೆಯಾಗಿ ವಿಚಾರಣೆ ಮುಂದುವರಿಯಿತು. ನನ್ನ ಪ್ರಕಾರ ಹಳೆಯ ತೀರ್ಪುಗಳ ಓದು ನೇಮಕಕ್ಕೆ ಮೊದಲೇ ಆಗಬೇಕು. ಒಂದೆರಡು ತೀರ್ಪು ನೋಡಿ ಅಳೆಯಬೇಡಿ, ಇಡೀ ದಾಖಲೆ ಓದಿ. ನೊಂದವರ ಮನೆಯವರಿಗೂ ಅದನ್ನು ತೋರಿಸಿ. ಪತ್ರಿಕೆಯಿಂದ ತಿಳಿದರೆ ನಂಬಿಕೆ ಉಳಿಯುವುದು ಕಷ್ಟ ಅಲ್ವಾ?

ಇನ್ನು ಜೊತೆಗಾರರು. ಮ್ಯಾಕ್‌ಫರ್ಸನ್ ಜೊತೆ ಮೂವರು ಸಲಹೆಗಾರರಿದ್ದರು: ನಿವೃತ್ತ ಪೊಲೀಸ್ ಅಧಿಕಾರಿ ಟಾಮ್ ಕುಕ್, ಉಗಾಂಡಾದಲ್ಲಿ ಹುಟ್ಟಿದ ಬಿಷಪ್ ಜಾನ್ ಸೆಂಟಾಮು, ವೈದ್ಯ ರಿಚರ್ಡ್ ಸ್ಟೋನ್. ಪೊಲೀಸ್ ಕೆಲಸವನ್ನು ಒಳಗಿಂದ ಬಲ್ಲವರು ಬೇಕು. ಬಣ್ಣದ ಕಾರಣಕ್ಕೆ ಅವಮಾನ ಹೇಗಿರುತ್ತದೆ ಎಂದು ಬದುಕಿನಿಂದಲೇ ಬಲ್ಲವರೂ ಬೇಕು. ಒಬ್ಬ ನ್ಯಾಯಮೂರ್ತಿ ಎಷ್ಟು ಒಳ್ಳೆಯವರಾದರೂ ಎರಡನ್ನೂ ಒಬ್ಬರೇ ತರುವುದು ಅಪರೂಪ.

ಆದರೆ ನೊಂದವರು ಬೇಡ ಎಂದ ಮಾತ್ರಕ್ಕೆ ಹೆಸರು ಕೈಬಿಡಬೇಕೆಂದಿಲ್ಲ. ಹಾಗೆ ಮಾಡಿದರೆ ಪೊಲೀಸರೂ ಅದೇ ಹಕ್ಕು ಕೇಳುತ್ತಾರೆ. ಆಕ್ಷೇಪಣೆಗೆ ಕಾರಣ ಸಹಿತ ಲಿಖಿತ ಉತ್ತರ ಕೊಡಿ, ಎಲ್ಲರಿಗೂ ಕಾಣುವಂತೆ ಪ್ರಕಟಿಸಿ. ಅದೇ ಮ್ಯಾಕ್‌ಫರ್ಸನ್ 1999ರ ಫೆಬ್ರುವರಿಯಲ್ಲಿ 70 ಶಿಫಾರಸುಗಳ ವರದಿ ಕೊಟ್ಟರು. ಲಂಡನ್ ಪೊಲೀಸ್ ಪಡೆಯಲ್ಲಿ ಸಾಂಸ್ಥಿಕ ವರ್ಣಭೇದ, ಅಂದರೆ ಒಬ್ಬಿಬ್ಬರಲ್ಲಿ ಅಲ್ಲ, ಇಡೀ ಸಂಸ್ಥೆಯ ನಡೆಯಲ್ಲೇ ಬೇರೂರಿದ ವರ್ಣಭೇದ, ಇದೆ ಎಂದು ನೇರವಾಗಿ ಬರೆದರು.